ಅಳತೆಗೆ ನಿಂತ ಮುಖ



ರಾಬರ್ಟಾ ಬ್ರೈಟ್‌ಮೋರ್ ಎಂಬ ಹೆಂಗಸಿಗೆ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಬ್ಯಾಂಕ್ ಖಾತೆ ಇತ್ತು, ಕ್ರೆಡಿಟ್ ಕಾರ್ಡ್ ಇತ್ತು, ಡ್ರೈವಿಂಗ್ ಲೈಸೆನ್ಸ್ ಇತ್ತು. ಆಕೆ ಮನೋವೈದ್ಯರಲ್ಲಿಗೆ ಹೋಗುತ್ತಿದ್ದಳು, ತೂಕ ಇಳಿಸುವ ತರಗತಿಗೆ ಸೇರಿದ್ದಳು, ಮನೆ ಹಂಚಿಕೊಳ್ಳಲು ಜೊತೆಗಾರರು ಬೇಕೆಂದು ಪತ್ರಿಕೆಯಲ್ಲಿ ಜಾಹೀರಾತು ಹಾಕಿಸಿದ್ದಳು. ಆದರೆ ಅಂಥವಳೊಬ್ಬಳು ಯಾವ ತಾಯಿಯ ಹೊಟ್ಟೆಯಲ್ಲೂ ಹುಟ್ಟಿರಲಿಲ್ಲ. ಲಿನ್ ಹರ್ಷ್‌ಮನ್ ಲೀಸನ್ ಎಂಬ ಕಲಾವಿದೆ 1973ರಿಂದ 1978ರವರೆಗೆ ಹೊಂಬಣ್ಣದ ವಿಗ್ ತೊಟ್ಟು, ಮುಖಕ್ಕೆ ಬಣ್ಣ ಬಳಿದುಕೊಂಡು, ನಡಿಗೆ ಮತ್ತು ಕೈಬರಹವನ್ನೂ ಬದಲಿಸಿಕೊಂಡು ಊರಿನ ನಡುವೆ ರಾಬರ್ಟಾ ಆಗಿ ಬದುಕಿದರು. ದೂರದಿಂದ ಫೋಟೋ ತೆಗೆಯಲು ಛಾಯಾಗ್ರಾಹಕರನ್ನು ನೇಮಿಸಿಕೊಂಡಿದ್ದರು. ಕೊನೆಕೊನೆಗೆ ಇನ್ನೂ ಮೂವರು ಹೆಂಗಸರನ್ನು ಅದೇ ವೇಷದಲ್ಲಿ ಊರೊಳಗೆ ಬಿಟ್ಟರು. 1978ರಲ್ಲಿ ಇಟಲಿಯ ಫೆರಾರಾದಲ್ಲಿ ದೆವ್ವ ಬಿಡಿಸುವಂಥ ವಿಧಿಯೊಂದನ್ನು ಮಾಡಿ ರಾಬರ್ಟಾಳನ್ನು ಕಳಿಸಿಕೊಟ್ಟರು.

ಈ ಕೆಲಸದ ಒಂದು ಹಾಳೆ ನನ್ನನ್ನು ಬಹಳ ಕಾಡಿದೆ. 1975ರದು. ರಾಬರ್ಟಾಳ ಮುಖದ ಫೋಟೋ ಮೇಲೆ ಗೆರೆ ಎಳೆದು, ಅಂಕಿ ಹಾಕಿ, ಎಲ್ಲಿ ತಿಳಿಬಣ್ಣ, ಎಲ್ಲಿ ಕೆಂಪು, ತುಟಿ ಎಷ್ಟು ಹರವು, ಉಡುಪು ಯಾವುದು ಎಂದೆಲ್ಲ ಗುರುತು ಮಾಡಿದ ನಕ್ಷೆ ಅದು. ಯಕ್ಷಗಾನದ ಚೌಕಿಯಲ್ಲಿ ಕುಳಿತು ನೋಡಿದವರಿಗೆ ಈ ಹಾಳೆ ಹೊಸದೆನಿಸಲಾರದು: ಪಾತ್ರ ಒಂದೊಂದೇ ಗೆರೆಯಾಗಿ ಮುಖದ ಮೇಲೆ ಏರುವುದನ್ನು ಅವರು ಕಂಡಿರುತ್ತಾರೆ. ಆದರೆ ಚೌಕಿಯ ಬಣ್ಣ ಬೆಳಗಾಗುವಷ್ಟರಲ್ಲಿ ಇಳಿಯುತ್ತದೆ. ರಾಬರ್ಟಾಳ ಬಣ್ಣ ಇಳಿದ ಮೇಲೂ ಅವಳ ದಾಖಲೆಗಳು ಉಳಿದವು. ಬ್ಯಾಂಕಿಗೆ ಬೇಕಾಗಿದ್ದುದು ಸಹಿ. ಬದುಕಿರುವ ವ್ಯಕ್ತಿ ಅಲ್ಲ. ವೈಯಕ್ತಿಕ ಕಂಪ್ಯೂಟರ್ ಮನೆಗೆ ಬರುವ ಮೊದಲೇ, ನಾವಿಲ್ಲದೆ ನಮ್ಮ ಕಡತ ಓಡಾಡಬಲ್ಲದು ಎಂಬುದನ್ನು ಈ ಕಲಾವಿದೆ ತನ್ನ ಮೈಮೇಲೆ ಹೊತ್ತು ತೋರಿಸಿದರು. 1996ರಲ್ಲಿ ಅವರು ರಾಬರ್ಟಾಳನ್ನು ಗೊಂಬೆಯಾಗಿ ಮತ್ತೆ ತಂದರು. ಆ ಗೊಂಬೆಯ ಕಣ್ಣಲ್ಲಿ ಕ್ಯಾಮೆರಾ. ಇಂಟರ್‌ನೆಟ್‌ನಲ್ಲಿದ್ದ ಅಪರಿಚಿತರು ಅವಳ ಕಣ್ಣಿಂದಲೇ ಗ್ಯಾಲರಿಯನ್ನು ನೋಡಬಹುದಿತ್ತು. ನೋಡಲು ಬಂದವರೇ ನೋಡಿಸಿಕೊಂಡರು.

ಇಂದು ನಾನು ಹೇಳಬೇಕೆಂದಿರುವುದು ಇದು. ಡಿಜಿಟಲ್ ಕಾಲದ ಗುರುತಿನ ಪ್ರಶ್ನೆಯನ್ನು ಸಾಮಾನ್ಯವಾಗಿ ‘ನಾನು ಯಾರು’ ಎಂಬ ಅಂತರಂಗದ ಪ್ರಶ್ನೆಯಾಗಿ ಇಡುತ್ತಾರೆ. ಸೆಲ್ಫಿ, ಪ್ರೊಫೈಲ್, ಮುಖವಾಡ ಎಂಬ ಮಾತುಗಳು ಅಲ್ಲೇ ಸುತ್ತುತ್ತವೆ. ಪರ್ಫಾರ್ಮೆನ್ಸ್ ಮತ್ತು ವಿಡಿಯೋ ಕಲೆಯ ಅತ್ಯುತ್ತಮ ಕೆಲಸಗಳು ಬೇರೆ ಪ್ರಶ್ನೆ ಕೇಳುತ್ತವೆ: ನನ್ನನ್ನು ಬರೆದಿಟ್ಟುಕೊಳ್ಳುತ್ತಿರುವವರು ಯಾರು, ಯಾವ ಅಳತೆಗೋಲಿನಿಂದ, ನನ್ನನ್ನು ಕೇಳಿದರೇ? ಈ ಪ್ರಶ್ನೆ ಮೊಬೈಲ್ ಫೋನಿಗಿಂತ ನೂರು ವರ್ಷ ಹಳೆಯದು. ಅದರ ಬಹುಭಾಗ ನಮ್ಮ ನೆಲದಲ್ಲೇ ನಡೆದದ್ದು.

ಅದಕ್ಕೆ ಮೊದಲು ವಿಡಿಯೋ ಬಗ್ಗೆ ಎರಡು ಮಾತು. 1960ರ ದಶಕದ ಕೊನೆಯಲ್ಲಿ ಸೋನಿ ಕಂಪನಿಯ ಪೋರ್ಟಪ್ಯಾಕ್ ಎಂಬ ಹೊತ್ತು ತಿರುಗಬಲ್ಲ ವಿಡಿಯೋ ಯಂತ್ರ ಬಂತು. ಸಿನಿಮಾ ರೀಲನ್ನು ತೊಳೆಸಿ ತರುವವರೆಗೆ ಕಾಯಬೇಕಿತ್ತು; ಇದರಲ್ಲಿ ಕ್ಯಾಮೆರಾ ಮುಂದೆ ನಿಂತವರು ಆ ಕ್ಷಣವೇ ಪರದೆಯ ಮೇಲೆ ತಮ್ಮನ್ನು ಕಾಣಬಹುದಿತ್ತು. 1971ರಲ್ಲಿ ವಿಟೋ ಅಕಾಂಚಿ ‘ಸೆಂಟರ್ಸ್’ ಎಂಬ ವಿಡಿಯೋದಲ್ಲಿ ಪರದೆಯ ಮೇಲಿನ ತನ್ನದೇ ಬಿಂಬದ ನಡುವಿಗೆ ಇಪ್ಪತ್ತು ನಿಮಿಷಕ್ಕೂ ಮೀರಿ ಬೆರಳು ತೋರಿಸುತ್ತ ನಿಂತರು. ವಿಮರ್ಶಕಿ ರೋಸಲಿಂಡ್ ಕ್ರಾಸ್ 1976ರ ಪ್ರಸಿದ್ಧ ಪ್ರಬಂಧದಲ್ಲಿ ಈ ಕೃತಿಯನ್ನೇ ಎತ್ತಿಕೊಂಡು, ವಿಡಿಯೋ ಕಲೆಯ ನಿಜವಾದ ಮಾಧ್ಯಮ ಯಂತ್ರವಲ್ಲ, ಆತ್ಮರತಿ ಎಂದು ವಾದಿಸಿದರು. ಆ ವಾದ ಬಹಳ ದೂರ ಹೋಯಿತು. ಇಂದಿನ ಸೆಲ್ಫಿಯನ್ನು ಬೈಯುವವರೆಲ್ಲ ಗೊತ್ತಿಲ್ಲದೆಯೇ ಅದನ್ನು ಮುಂದುವರಿಸುತ್ತಿದ್ದಾರೆ. ನನಗೆ ಅದು ಅರ್ಧ ಸತ್ಯವಾಗಿ ಕಾಣುತ್ತದೆ. ‘ಸೆಂಟರ್ಸ್’ನ ಮರುವರ್ಷವೇ ಬಂದ ಜೋನ್ ಜೋನಾಸ್ ಅವರ ‘ವರ್ಟಿಕಲ್ ರೋಲ್’ ನೋಡಿ. ಟಿ.ವಿ.ಯ ಚಿತ್ರ ಹಿಡಿತ ತಪ್ಪಿ ಮೇಲಿಂದ ಕೆಳಗೆ ಉರುಳುತ್ತಲೇ ಇರುತ್ತದೆ, ಪ್ರತಿ ಉರುಳಿಗೂ ಚಮಚದಿಂದ ಬಡಿದಂಥ ಸದ್ದು. ಕಾಲು, ಮುಖ, ಕುಣಿತದ ಉಡುಪು ಎಲ್ಲವೂ ತುಂಡುತುಂಡಾಗಿ ಬಂದು ಹೋಗುತ್ತವೆ. ಹೆಣ್ಣಿನ ಮೈ ಒಂದು ಇಡಿಯಾದ ಚಿತ್ರವಾಗಿ ನಮ್ಮ ಕೈಗೆ ಸಿಗುವುದೇ ಇಲ್ಲ. ತನ್ನನ್ನು ಮೆಚ್ಚಿಕೊಳ್ಳುವವರು ಕನ್ನಡಿಯನ್ನು ಹೀಗೆ ಬಡಿಯುವುದಿಲ್ಲ.

ಇನ್‌ಸ್ಟಾಗ್ರಾಂ ಬಂದ ಮೇಲೆ ಈ ಕಲೆಗೆ ಗ್ಯಾಲರಿಯೇ ಬೇಡವಾಯಿತು. ಅರ್ಜೆಂಟೀನಾದಲ್ಲಿ ಹುಟ್ಟಿ ಸ್ಪೇನಿನಲ್ಲಿ ಬೆಳೆದ ಅಮಾಲಿಯಾ ಉಲ್ಮನ್ 2014ರ ಏಪ್ರಿಲ್‌ನಿಂದ ಸೆಪ್ಟೆಂಬರ್‌ವರೆಗೆ ತಮ್ಮ ಖಾತೆಯಲ್ಲಿ ಒಂದು ಕಥೆ ನಡೆಸಿದರು. ‘ಎಕ್ಸಲೆನ್ಸಸ್ ಅಂಡ್ ಪರ್ಫೆಕ್ಷನ್ಸ್’ ಅದರ ಹೆಸರು. ಮೊದಲು ದೊಡ್ಡ ಊರಿಗೆ ಬಂದ ಮುದ್ದಾದ ಹುಡುಗಿ. ನಂತರ ದುಡ್ಡಿರುವವರ ಆಸರೆಯಲ್ಲಿ ಬದುಕುತ್ತ, ಸ್ತನಕ್ಕೆ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡು, ಕುಸಿದು ಅಳುವವಳು. ಕೊನೆಗೆ ಯೋಗ, ಹಣ್ಣುಹಂಪಲು, ಬಿಳಿ ಹಾಸಿಗೆಗಳ ನಡುವೆ ಚೇತರಿಸಿಕೊಂಡವಳು. ಎಲ್ಲವೂ ಮೊದಲೇ ಬರೆದಿಟ್ಟ ಕಥೆ. ಮುಗಿಯುವ ಹೊತ್ತಿಗೆ ಹಿಂಬಾಲಿಸುತ್ತಿದ್ದವರು ಸುಮಾರು 90 ಸಾವಿರ. 2016ರಲ್ಲಿ ಲಂಡನ್ನಿನ ಟೇಟ್ ಮಾಡರ್ನ್ ಸಂಗ್ರಹಾಲಯ ಇದನ್ನು ಗೋಡೆಗೇರಿಸಿತು.

ಜನರಿಗೆ ಮೋಸ ಮಾಡಿದರು ಎಂಬ ಕೋಪವೇ ಈ ಕೃತಿಯ ಸುತ್ತ ಹೆಚ್ಚು ಹಬ್ಬಿತು. ನನಗೆ ಅದರಲ್ಲಿ ಮುಖ್ಯವಾದದ್ದು ಅದಲ್ಲ. ಚಿತ್ರಗಳ ಕೆಳಗೆ ಬಂದ ಪ್ರತಿಕ್ರಿಯೆಗಳನ್ನು ಓದಬೇಕು. ಯಾರೂ ಕೂತು ಹೇಳಿಕೊಟ್ಟಿರಲಿಲ್ಲ, ಆದರೂ ನೋಡುಗರಿಗೆ ಪ್ರತಿ ಅಂಕದಲ್ಲೂ ತಮ್ಮ ಮಾತು ಯಾವುದೆಂದು ಗೊತ್ತಿತ್ತು: ಮೊದಲು ಹೊಗಳಿಕೆ, ನಡುವೆ ಹೀಯಾಳಿಕೆ ಮತ್ತು ಕನಿಕರ, ಕೊನೆಗೆ ಹರಕೆ. ಹೆಣ್ಣು ಬೀಳುವ, ಏಳುವ ಈ ಕಥೆ ಅವರೊಳಗೆ ಮೊದಲೇ ಸಿದ್ಧವಾಗಿತ್ತು. ಉಲ್ಮನ್ ಆ ಅಚ್ಚಿಗೆ ತಮ್ಮನ್ನು ಸುರಿದರು ಅಷ್ಟೆ. ಇನ್ನೊಂದು ಸಂಗತಿಯನ್ನೂ ಗಮನಿಸಬೇಕು. ಶಸ್ತ್ರಚಿಕಿತ್ಸೆ ಸುಳ್ಳು, ಆದರೆ ಪಾತ್ರಕ್ಕಾಗಿ ಆಕೆ ಕಟ್ಟುನಿಟ್ಟಿನ ಪಥ್ಯ ಮಾಡಿದ್ದು, ಕಂಬ ಹಿಡಿದು ಕುಣಿಯುವುದನ್ನು ಕಲಿತದ್ದು ನಿಜ. ಸುಳ್ಳಿನ ಚಿತ್ರಕ್ಕೂ ನಿಜವಾದ ಮೈ ಬೆಲೆ ತೆತ್ತಿದೆ. ಈ ಮಾತಿಗೆ ಮತ್ತೆ ಬರುತ್ತೇನೆ.

ರಾಬರ್ಟಾ ಆಗಲಿ, ಉಲ್ಮನ್ ಕಥೆಯ ಹುಡುಗಿಯಾಗಲಿ, ತಾವಾಗಿ ವೇಷ ಕಟ್ಟಿದವರು, ಬೇಕೆಂದಾಗ ಬಿಚ್ಚಿದವರು. ಇನ್ನೊಬ್ಬರು ಕಟ್ಟಿದ ವೇಷದಲ್ಲಿ ನಿಲ್ಲಬೇಕಾಗಿ ಬಂದವರ ಕಥೆ ಇದಕ್ಕಿಂತ ದೊಡ್ಡದು.

1869ರಲ್ಲಿ ಜೆ. ಎಚ್. ಲ್ಯಾಂಪ್ರೆ ಎಂಬಾತ ಲಂಡನ್ನಿನ ಜನಾಂಗಶಾಸ್ತ್ರದ ಪತ್ರಿಕೆಯಲ್ಲಿ ಒಂದು ವಿಧಾನವನ್ನು ಪ್ರಕಟಿಸಿದ. ಮರದ ಚೌಕಟ್ಟಿಗೆ ರೇಷ್ಮೆ ದಾರ ಬಿಗಿದು ಎರಡೆರಡು ಅಂಗುಲದ ಚೌಕಗಳನ್ನು ಮಾಡುವುದು. ಅದರ ಮುಂದೆ ಬೆತ್ತಲೆ ಮನುಷ್ಯರನ್ನು ನಿಲ್ಲಿಸಿ ಫೋಟೋ ತೆಗೆಯುವುದು. ಹೀಗೆ ತೆಗೆದರೆ ಜಗತ್ತಿನ ಯಾವ ಮೈಯನ್ನಾದರೂ ಇನ್ನೊಂದರೊಡನೆ ಕೂತಲ್ಲೇ ಹೋಲಿಸಬಹುದು. ಹೆಚ್ಚುಕಡಿಮೆ ಅದೇ ಹೊತ್ತಿಗೆ, 1868ರಿಂದ 1875ರ ನಡುವೆ, ಬ್ರಿಟಿಷ್ ಸರ್ಕಾರ ‘ದಿ ಪೀಪಲ್ ಆಫ್ ಇಂಡಿಯಾ’ ಎಂಬ ಎಂಟು ಸಂಪುಟಗಳನ್ನು ತಂದಿತು. ನಾನೂರಕ್ಕೂ ಹೆಚ್ಚು ಫೋಟೋಗಳು, ಪ್ರತಿಯೊಂದರ ಜೊತೆ ಆ ಜಾತಿ ಅಥವಾ ಬುಡಕಟ್ಟಿನ ಸ್ವಭಾವ ಹೀಗೆ ಎಂಬ ಒಕ್ಕಣೆ. 1857ರ ದಂಗೆ ಕಂಡು ಬೆದರಿದ್ದ ಆಡಳಿತಕ್ಕೆ ಯಾರು ನಂಬಿಕಸ್ಥರು ಎಂದು ಮುಖ ನೋಡಿ ತಿಳಿಯಬೇಕಿತ್ತು. 1890ರ ದಶಕದಲ್ಲಿ ಎಂ. ವಿ. ಪೋರ್ಟ್‌ಮನ್ ಎಂಬ ಅಧಿಕಾರಿ ಅಂಡಮಾನಿನ ಮೂಲನಿವಾಸಿಗಳನ್ನು ಚೌಕಳಿ ಹಿನ್ನೆಲೆಯ ಮುಂದೆ ನಿಲ್ಲಿಸಿ, ಎದುರಿನಿಂದ ಒಂದು, ಪಕ್ಕದಿಂದ ಒಂದು ಫೋಟೋ ತೆಗೆದು ಬ್ರಿಟಿಷ್ ಮ್ಯೂಸಿಯಂಗೆ ಕಳಿಸಿದ. ಮದ್ರಾಸ್ ಮ್ಯೂಸಿಯಂನ ಎಡ್ಗರ್ ಥರ್ಸ್ಟನ್ ದಕ್ಷಿಣ ಭಾರತದ ಊರೂರುಗಳಲ್ಲಿ ಜನರ ಮೂಗನ್ನೂ ತಲೆಯನ್ನೂ ಅಳೆದ; ಆ ಅಂಕಿಗಳು 1909ರ ಅವನ ಏಳು ಸಂಪುಟಗಳಲ್ಲಿವೆ, ಕನ್ನಡ ನಾಡಿನ ಸಮುದಾಯಗಳವೂ ಸೇರಿ. ಬೆರಳಚ್ಚಿನ ಕಥೆಯೂ ಇಲ್ಲಿಯದೇ. 1858ರಲ್ಲಿ ಬಂಗಾಳದಲ್ಲಿ ವಿಲಿಯಂ ಹರ್ಷೆಲ್ ಒಬ್ಬ ಗುತ್ತಿಗೆದಾರನ ಅಂಗೈ ಅಚ್ಚನ್ನು ಕರಾರಿನ ಮೇಲೆ ಒತ್ತಿಸಿಕೊಂಡ. 1897ರಲ್ಲಿ ಕಲ್ಕತ್ತೆಯಲ್ಲಿ ಬೆರಳಚ್ಚಿನ ಕಚೇರಿಯೇ ತೆರೆಯಿತು. ಅಜೀಜುಲ್ ಹಕ್ ಮತ್ತು ಹೇಮಚಂದ್ರ ಬೋಸ್ ಅಲ್ಲಿ ಕುಳಿತು ವರ್ಗೀಕರಣವನ್ನು ರೂಪಿಸಿದರು. ವಿಧಾನಕ್ಕೆ ಮಾತ್ರ ಅವರ ಮೇಲಧಿಕಾರಿ ಎಡ್ವರ್ಡ್ ಹೆನ್ರಿಯ ಹೆಸರು ಬಿತ್ತು.

ಇಂದು ಹತ್ತು ಬೆರಳು, ಎರಡು ಕಣ್ಣುಪಾಪೆ, ಒಂದು ಮುಖ ಕೊಟ್ಟು ಆಧಾರ್ ಪಡೆಯುವ ನಾವು ಈ ಸಾಲಿನ ತುದಿಯಲ್ಲಿದ್ದೇವೆ. ಗಾರೆ ಕೆಲಸ ಮಾಡಿ, ಪಾತ್ರೆ ತಿಕ್ಕಿ ಬೆರಳ ಗೆರೆ ಸವೆದವರನ್ನು ಯಂತ್ರ ಗುರುತಿಸದೆ ಹೋದಾಗ ರೇಷನ್ ಅಂಗಡಿಯಲ್ಲಿ ನಿಂತವರು ತಾವು ತಾವೇ ಎಂದು ಸಾಬೀತು ಮಾಡಬೇಕಾಗುತ್ತದೆ. ದುಡಿದ ಮೈಯೇ ಅವರ ವಿರುದ್ಧ ಸಾಕ್ಷಿ ಹೇಳುತ್ತದೆ.

ಬೆಂಗಳೂರಿನ ಪುಷ್ಪಮಾಲಾ ಎನ್. ಅವರ ಕೆಲಸವನ್ನು ಈ ಹಿನ್ನೆಲೆಯಲ್ಲೇ ನೋಡಬೇಕು. ಬರೋಡಾದಲ್ಲಿ ಶಿಲ್ಪಕಲೆ ಕಲಿತ ಅವರು 1990ರ ದಶಕದ ನಡುವಿನಲ್ಲಿ ಮಣ್ಣಿನ ಬದಲು ತಮ್ಮ ಮೈಯನ್ನೇ ಮಾಧ್ಯಮ ಮಾಡಿಕೊಂಡರು. ‘ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್’ ಸರಣಿಯಲ್ಲಿ ಹಳೆಯ ಹಿಂದಿ ಸಾಹಸ ಚಿತ್ರಗಳ ಮುಖವಾಡಧಾರಿ ನಾಯಕಿ ಅವರೇ. ನಾನು ಹೆಚ್ಚು ಹೇಳಬೇಕಾದದ್ದು ಅದರ ನಂತರದ ಕೆಲಸದ ಬಗ್ಗೆ. ಬೆಂಗಳೂರಿನಲ್ಲೇ ನೆಲೆಸಿದ್ದ ಬ್ರಿಟಿಷ್ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರೊಡನೆ 2000ದಿಂದ 2004ರವರೆಗೆ ಮಾಡಿದ ‘ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ: ಮ್ಯಾನರ್ಸ್ ಅಂಡ್ ಕಸ್ಟಮ್ಸ್’ ಅದು. ಹೆಸರೇ ವಸಾಹತು ಕಾಲದ ಸಂಪುಟಗಳ ಧಾಟಿಯಲ್ಲಿದೆ. ರವಿವರ್ಮನ ಲಕ್ಷ್ಮಿ, ಬೆಳದಿಂಗಳಲ್ಲಿ ಕುಳಿತ ಹೆಂಗಸು, ಕೆರೆಯಿಂದ ನೀರು ಹೊತ್ತು ಬರುವವಳು, ಬಿಜಾಪುರದ ವರ್ಣಚಿತ್ರದ ಯೋಗಿನಿ, ವೇಲಾಂಕಣಿ ಮಾತೆ, ತಮಿಳು ಸಿನಿಮಾದಲ್ಲಿ ಚಾಟಿ ಹಿಡಿದ ಜಯಲಲಿತಾ, ಪತ್ರಿಕೆಯಲ್ಲಿ ಬಂದ ಫೋಟೋದ ಕಳವಿನ ಆರೋಪಿಗಳು. ಹೀಗೆ ದಕ್ಷಿಣದ ಹೆಣ್ಣು ಎಂದೊಡನೆ ಕಣ್ಮುಂದೆ ಬರುವ ಚಿತ್ರಗಳನ್ನೆಲ್ಲ ಅವರು ಒಂದೊಂದಾಗಿ ಧರಿಸಿದರು. ಪರದೆ ಬರೆಸಿದರು, ಒಡವೆ ಹೊಂದಿಸಿದರು, ಬೆಳಕನ್ನೂ ಮೂಲದಂತೆಯೇ ಬೀಳಿಸಿದರು. ಆ ಸಾಲಿನಲ್ಲಿ ಒಂದು ಚಿತ್ರ ‘ತೋಡ’. ಚೌಕಳಿ ಹಿನ್ನೆಲೆ, ಮುಖಕ್ಕೆ ತಾಗಿಸಿದ ಲೋಹದ ಅಳತೆ ಸಾಧನ. ಮಾದರಿ ಅಂಡಮಾನಿನ ಅಳತೆಚಿತ್ರ. ಹೆಸರು ಮಾತ್ರ ನೀಲಗಿರಿಯ ಬುಡಕಟ್ಟಿನದು. ಅಳೆಯುವವರಿಗೆ ಎರಡೂ ಒಂದೇ ಕಪಾಟಿನ ವಸ್ತುಗಳಾಗಿದ್ದವಲ್ಲ. ಮುಂದೆ ಜನಾಂಗಶಾಸ್ತ್ರದ ಸರಣಿ ಎಂದು ಕರೆದ ಸಣ್ಣ ಕಂದುಬಣ್ಣದ ಮುದ್ರಣಗಳಲ್ಲಿ ಉಳಿದ ಪಾತ್ರಗಳೂ ಈ ಅಳತೆಗೆ ಬಂದು ನಿಲ್ಲುತ್ತವೆ. ಕ್ಯಾಲೆಂಡರಿನ ದೇವತೆ, ಪೊಲೀಸ್ ಕಡತದ ಆರೋಪಿ, ಬುಡಕಟ್ಟಿನ ಹೆಂಗಸು, ಮೂವರೂ ಒಂದೇ ಮುಖ. ಹೆಣ್ಣಿನ ಗುರುತುಗಳ ಉಗ್ರಾಣ ಹೇಗೆ ತುಂಬಿತು ಎಂದು ತಿಳಿಯಲು ನನಗೆ ಇದಕ್ಕಿಂತ ತೀಕ್ಷ್ಣವಾದ ಪಾಠ ಸಿಕ್ಕಿಲ್ಲ.

ಈ ಕೃತಿಯ ಬಗ್ಗೆ ಒಂದು ಆಕ್ಷೇಪವಿದೆ, ಅದನ್ನು ತೇಲಿಸಬಾರದು. ನಗರದ, ಓದಿದ, ಹೆಸರಾದ ಕಲಾವಿದೆ ಬುಡಕಟ್ಟಿನ ಹೆಂಗಸಿನ ವೇಷ ತೊಟ್ಟರೆ ಆ ಹೆಂಗಸಿನ ಬಾಯಿ ಎರಡನೆಯ ಸಲ ಮುಚ್ಚಿದಂತಾಗುವುದಿಲ್ಲವೇ? ಪೋರ್ಟ್‌ಮನ್ ಮುಂದೆ ನಿಂತವರಿಗೆ ಒಲ್ಲೆ ಎನ್ನುವ ಅವಕಾಶವಿರಲಿಲ್ಲ. ಪುಷ್ಪಮಾಲಾ ಅವರಿಗೆ ಎಲ್ಲ ಅವಕಾಶವೂ ಇತ್ತು. ಈ ಅಂತರ ನಿಜ. ಆದರೆ ಅವರು ತೋಡರ ಬದುಕನ್ನು ಅಭಿನಯಿಸುತ್ತಿಲ್ಲ, ಫೋಟೋವನ್ನು ಅಭಿನಯಿಸುತ್ತಿದ್ದಾರೆ. ತಯಾರಿಯ ಹಂತಗಳನ್ನೂ ಒಂದು ಸರಣಿಯಾಗಿ ಪ್ರದರ್ಶನಕ್ಕೆ ಇಟ್ಟದ್ದು ಅದಕ್ಕೇ: ಇದು ಕಟ್ಟಿದ್ದು ಎಂದು ನೋಡುಗರು ಮರೆಯಬಾರದು. ಮೂಲದ ಫೋಟೋ ತಾನು ಕಟ್ಟಿದ್ದೆಂದು ಎಲ್ಲೂ ಹೇಳಲಿಲ್ಲ, ಶಾಸ್ತ್ರವೆಂದು ಹೇಳಿಕೊಂಡಿತು. ಆಕ್ಷೇಪ ಇದರಿಂದ ಪೂರ್ತಿ ಕರಗುತ್ತದೆ ಎಂದು ನಾನು ಹೇಳಲಾರೆ. ತೋಡ ಅಥವಾ ಅಂಡಮಾನಿನ ಸಮುದಾಯದ ಕಲಾವಿದೆಯೊಬ್ಬಳು ಇದೇ ಚೌಕಳಿಯ ಮುಂದೆ ತಾನೇ ಕ್ಯಾಮೆರಾ ಹಿಡಿದು ನಿಂತರೆ ಆಗುವ ಕೃತಿ ಬೇರೆಯೇ ಆಗಿರುತ್ತದೆ, ಮತ್ತು ಅದು ಬೇಕು.

ಈಗ ಚೌಕಳಿ ಕಣ್ಣಿಗೆ ಕಾಣುವುದಿಲ್ಲ. ಮುಖ ಗುರುತಿಸುವ ತಂತ್ರಾಂಶ ಕಣ್ಣುಗಳ ನಡುವಿನ ದೂರ, ಮೂಗಿನ ರೇಖೆ, ದವಡೆಯ ಅಂಚುಗಳನ್ನು ಬಿಂದುಗಳಾಗಿ, ಅಂಕಿಗಳಾಗಿ ಮಾಡಿಕೊಳ್ಳುತ್ತದೆ. ಅಮೆರಿಕದ ಎಂ.ಐ.ಟಿ.ಯಲ್ಲಿ ವಿದ್ಯಾರ್ಥಿನಿಯಾಗಿದ್ದ ಜಾಯ್ ಬುವೊಲಮ್ವಿನಿ ಅಂಥ ತಂತ್ರಾಂಶವೊಂದರ ಮುಂದೆ ಕುಳಿತಾಗ ಅದು ಅವರ ಕಪ್ಪು ಮುಖವನ್ನು ಕಾಣಲೇ ಇಲ್ಲ. ಬಿಳಿ ಮುಖವಾಡ ತೊಟ್ಟಾಗ ಕಂಡಿತು. ಅಲ್ಲಿಂದ ಅವರು ಎರಡು ದಾರಿ ಹಿಡಿದರು. ಒಂದು, 2018ರಲ್ಲಿ ಟಿಮ್ನಿಟ್ ಗೆಬ್ರು ಜೊತೆ ಪ್ರಕಟಿಸಿದ ಅಧ್ಯಯನ. ಆಫ್ರಿಕದ ಮೂರು, ಯುರೋಪಿನ ಮೂರು ದೇಶಗಳ ಸಂಸದರ 1,270 ಚಿತ್ರಗಳನ್ನು ಮೂರು ಕಂಪನಿಗಳ ತಂತ್ರಾಂಶಕ್ಕೆ ಕೊಟ್ಟು ಗಂಡೋ ಹೆಣ್ಣೋ ಎಂದು ಕೇಳಲಾಯಿತು. ಬಿಳಿ ಬಣ್ಣದ ಗಂಡಸರ ವಿಷಯದಲ್ಲಿ ತಪ್ಪು ಶೇ. 0.8 ಮೀರಲಿಲ್ಲ, ಕಪ್ಪು ಬಣ್ಣದ ಹೆಂಗಸರ ವಿಷಯದಲ್ಲಿ ಶೇ. 34.7ರವರೆಗೂ ಹೋಯಿತು. ಇನ್ನೊಂದು ದಾರಿ, ಅದೇ ವರ್ಷದ ವಿಡಿಯೋ ಕವಿತೆ ‘ಎ.ಐ., ಏನ್ಟ್ ಐ ಎ ವುಮನ್?’. ಮಿಶೆಲ್ ಒಬಾಮಾ, ಓಪ್ರಾ ವಿನ್‌ಫ್ರೀ, ಸೆರೆನಾ ವಿಲಿಯಮ್ಸ್ ಅವರ ಚಿತ್ರಗಳಿಗೆ ಯಂತ್ರಗಳು ಕೊಟ್ಟ ತಪ್ಪು ಉತ್ತರಗಳು ಪರದೆಯ ಮೇಲೆ ಬರುತ್ತಿದ್ದಂತೆ ಆಕೆ ತನ್ನ ದನಿಯಲ್ಲಿ ಕವಿತೆ ಹೇಳುತ್ತ ಹೋಗುತ್ತಾರೆ. ಅಧ್ಯಯನ ಕಂಪನಿಗಳನ್ನು ಅಲುಗಾಡಿಸಿತು. ಅಂಕಿಯೊಳಗೆ ಅವಮಾನ ಇರುವುದನ್ನು ಕೇಳಿಸಿದ್ದು ವಿಡಿಯೋ. ಒಂದರಿಂದ ಇನ್ನೊಂದರ ಕೆಲಸ ಆಗುತ್ತಿರಲಿಲ್ಲ.

ಆದರೆ ಯಂತ್ರ ಎಲ್ಲರನ್ನೂ ಸರಿಯಾಗಿ ಗುರುತಿಸಿದರೆ ಸಾಕೇ? ಜಾಕ್ ಬ್ಲಾಸ್ ಎಂಬ ಕಲಾವಿದರಿಗೆ ಸಾಕಾಗಲಿಲ್ಲ. ‘ಫೇಸ್ ಕೇಜಸ್’ ಎಂಬ ಕೃತಿಯಲ್ಲಿ ಅವರು ತಂತ್ರಾಂಶ ಮುಖದ ಮೇಲೆ ಎಳೆಯುವ ಗೆರೆಗಳ ನಕ್ಷೆಯನ್ನು ಲೋಹದ ಪಂಜರವಾಗಿ ಮಾಡಿಸಿದರು. ನಾಲ್ವರು ಕಲಾವಿದರು, ಬ್ಲಾಸ್ ಅವರೂ ಸೇರಿ, ತಂತಮ್ಮ ಮುಖದ್ದೇ ಅಳತೆಯ ಪಂಜರವನ್ನು ತೊಟ್ಟು ಕ್ಯಾಮೆರಾ ಮುಂದೆ ಕುಳಿತರು. ಅವರವರ ಮುಖದಿಂದಲೇ ಹುಟ್ಟಿದ ಗೆರೆಗಳು, ಆದರೂ ಪಂಜರ ಮುಖಕ್ಕೆ ಹೊಂದುವುದಿಲ್ಲ. ಲೋಹ ಚರ್ಮಕ್ಕೆ ಒತ್ತುತ್ತದೆ, ನೋಯುತ್ತದೆ. ಕಂಪ್ಯೂಟರಿನ ಪರದೆಯ ಮೇಲೆ ತೂಕವೇ ಇಲ್ಲದ ಆ ಗೆರೆ ಎಷ್ಟು ಭಾರ ಎಂದು ನೋಡುಗರ ಮೈಗೂ ಗೊತ್ತಾಗುತ್ತದೆ.

ಸುಳ್ಳಿನ ಚಿತ್ರಕ್ಕೂ ನಿಜವಾದ ಮೈ ಬೆಲೆ ತೆರುತ್ತದೆ ಎಂದು ಹೇಳಿ ಬಿಟ್ಟಿದ್ದ ಮಾತು ಇಲ್ಲಿಗೆ ಸೇರುತ್ತದೆ. ಈಗ ಕೃತಕ ಬುದ್ಧಿಮತ್ತೆಯ ತಂತ್ರಾಂಶಗಳು ಯಾರ ಮುಖವನ್ನು ಬೇಕಾದರೂ, ಯಾವ ವೇಷದಲ್ಲಿ ಬೇಕಾದರೂ ಕ್ಷಣದಲ್ಲಿ ತಯಾರಿಸಿ ಕೊಡುತ್ತವೆ. ರಾಬರ್ಟಾಳ ಐದು ವರ್ಷದ ಫೋಟೋಗಳನ್ನು ಒಂದು ಸಂಜೆಯಲ್ಲಿ ಮಾಡಬಹುದು. ಹಾಗಾದರೆ ಪರ್ಫಾರ್ಮೆನ್ಸ್ ಕಲಾವಿದರಿಗೆ ಇನ್ನೇನು ಕೆಲಸ ಎಂದು ವಿದ್ಯಾರ್ಥಿಗಳು ಕೇಳುತ್ತಾರೆ. ನನ್ನ ಉತ್ತರ: ಅವರ ಕೆಲಸ ಈಗ ಹೆಚ್ಚಾಗಿದೆ. ತಯಾರಾದ ಚಿತ್ರದ ಹಿಂದೆ ಹಸಿದವರಿಲ್ಲ, ನೊಂದವರಿಲ್ಲ, ಕಾಯುತ್ತ ನಿಂತವರಿಲ್ಲ. ಆದರೆ ಯಾರದೋ ಮುಖ ಅದರೊಳಗೆ ಕೇಳದೆ ಕರಗಿದೆ. ಕಲಿಯುವ ಯಂತ್ರಗಳಿಗೆ ಊಡಿದ ಇಮೇಜ್‌ನೆಟ್ ಎಂಬ ಚಿತ್ರಭಂಡಾರದಲ್ಲಿ ಮನುಷ್ಯರಿಗೆ ಎಂಥ ಹೀನ ಹಣೆಪಟ್ಟಿಗಳಿವೆ ಎಂದು ಟ್ರೆವರ್ ಪಾಗ್ಲೆನ್ ಮತ್ತು ಕೇಟ್ ಕ್ರಾಫರ್ಡ್ 2019ರಲ್ಲಿ ಒಂದು ಕಲಾಕೃತಿಯ ಮೂಲಕ ಬಯಲು ಮಾಡಿದರು. ಅದೇ ವರ್ಷ ಆ ಭಂಡಾರದವರು ಜನರ ಆರು ಲಕ್ಷದಷ್ಟು ಚಿತ್ರಗಳನ್ನು ತೆಗೆದುಹಾಕುವುದಾಗಿ ಪ್ರಕಟಿಸಿದರು. ಚಿತ್ರದಲ್ಲಿದ್ದವರಿಗೆ ತಾವು ಅಲ್ಲಿದ್ದೆವೆಂದೂ ಗೊತ್ತಿರಲಿಲ್ಲ.

ನಮ್ಮಲ್ಲಿ ಈ ಪ್ರಶ್ನೆಯನ್ನು ನ್ಯಾಯಾಲಯದ ಬಾಗಿಲಿಗೆ ಒಯ್ದವರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ. ಆಧಾರ್ ವಿಷಯದಲ್ಲಿ 2012ರಲ್ಲಿ ಅವರು ಹಾಕಿದ ಅರ್ಜಿಯ ದಾರಿಯಲ್ಲೇ, 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ ಖಾಸಗಿತನ ಮೂಲಭೂತ ಹಕ್ಕು ಎಂದು ಒಮ್ಮತದಿಂದ ಹೇಳಿತು. ದೃಶ್ಯಕಲೆಯ ವಿದ್ಯಾರ್ಥಿಗಳು ಆ ತೀರ್ಪನ್ನು ಓದಬೇಕು ಎಂದು ನಾನು ಹೇಳುತ್ತ ಬಂದಿದ್ದೇನೆ. ಮೈಯ ಮೇಲೆ ಯಾರ ಹಕ್ಕು ಎಂಬ ಚರ್ಚೆ ಅಲ್ಲಿದೆ, ಅವರ ಮಾಧ್ಯಮವೂ ಮೈಯೇ.

ಕೊನೆಯದಾಗಿ ಒಂದು ಕೋರಿಕೆ. ಪೋರ್ಟ್‌ಮನ್ ತೆಗೆದ ಚಿತ್ರಗಳು, ಥರ್ಸ್ಟನ್‌ನ ಅಳತೆಪಟ್ಟಿಗಳು, ರಾಬರ್ಟಾಳ ನಕ್ಷೆ, ಪುಷ್ಪಮಾಲಾ ಅವರ ‘ತೋಡ’, ಬ್ಲಾಸ್ ಅವರ ಪಂಜರಗಳು, ಬುವೊಲಮ್ವಿನಿ ಅವರ ವಿಡಿಯೋ, ಇವೆಲ್ಲ ಬೆಂಗಳೂರಿನಲ್ಲಿ ಒಂದೇ ಸೂರಿನಡಿ, ಕನ್ನಡದ ವಿವರಣೆಯೊಡನೆ ಪ್ರದರ್ಶನವಾಗಬೇಕು. ವಿಡಿಯೋಗಳನ್ನು ಕುಳಿತು ಪೂರ್ತಿ ನೋಡಲು ಕುರ್ಚಿಗಳಿರಬೇಕು. ನಮ್ಮ ಗ್ಯಾಲರಿಗಳಲ್ಲಿ ಅರ್ಧ ನಿಮಿಷ ನಿಂತು ಮುಂದೆ ಸಾಗುವ ಅಭ್ಯಾಸಕ್ಕೆ ನೋಡುಗರಷ್ಟೇ ಕುರ್ಚಿ ಇಡದವರೂ ಕಾರಣ. ಇದನ್ನು ಏರ್ಪಡಿಸಲು ಹೊರಟವರಿಗೆ ಕಷ್ಟದ ಪ್ರಶ್ನೆಯೊಂದು ಎದುರಾಗುತ್ತದೆ. ಉಳಿದ ಕೃತಿಗಳಿಗೆ ಕಲಾವಿದರ ಅನುಮತಿ ಕೇಳಬಹುದು. ಪೋರ್ಟ್‌ಮನ್ ಚಿತ್ರಗಳಿಗೆ ಮ್ಯೂಸಿಯಂನ ಅನುಮತಿ ಸಿಕ್ಕೀತು, ಆದರೆ ಅವುಗಳಲ್ಲಿ ಬೆತ್ತಲೆ ನಿಂತವರನ್ನು ಯಾರೂ ಕೇಳಿರಲಿಲ್ಲ. ಆ ಮೂಲನಿವಾಸಿಗಳಲ್ಲಿ ಒಂದು ಗುಂಪಾದ ಗ್ರೇಟ್ ಅಂಡಮಾನಿಗಳು ಇಂದು ಉಳಿದಿರುವುದು ಕೆಲವೇ ಹತ್ತಾರು ಮಂದಿ. ಅವರ ಅಜ್ಜಂದಿರ ಮುಖವನ್ನು ನಾವು ಗೋಡೆಗೆ ಹಾಕಬಹುದೇ, ಹಾಕಿದರೆ ಯಾವ ಹೆಸರಿನಿಂದ ಕರೆಯಬೇಕು ಎಂಬುದನ್ನು ಅವರನ್ನೇ ಕೇಳಬೇಕು. ಬೇಡ ಎಂದರೆ ಆ ಗೋಡೆಯನ್ನು ಖಾಲಿ ಬಿಟ್ಟು, ಖಾಲಿ ಏಕೆಂದು ಪಕ್ಕದಲ್ಲಿ ಬರೆಯಬೇಕು. ಈ ಕೆಲಸಕ್ಕೆ ಸಭೆಯಲ್ಲಿರುವ ಯಾವ ಕಲಾಶಾಲೆ ಮುಂದೆ ಬಂದರೂ ನಾನು ಜೊತೆಗಿರುತ್ತೇನೆ.